ಬ್ರೂಸ್ ವಿಲ್ಲಿಸ್ ಬಾಯಿ, ಬರ್ಲಿನ್ ದನಿ

ಬ್ರೂಸ್ ವಿಲ್ಲಿಸ್ ಎಲ್ಲಿ ಹುಟ್ಟಿದ್ದು ಅಂತ ಕೇಳಿದರೆ ಹೆಚ್ಚಿನವರು ಅಮೆರಿಕ ಅಂತಲೇ ಹೇಳುತ್ತಾರೆ. ಅಲ್ಲ, ಜರ್ಮನಿಯಲ್ಲಿ. 1955ರ ಮಾರ್ಚ್ 19ರಂದು, ಆಗಿನ ಪಶ್ಚಿಮ ಜರ್ಮನಿಯ ಇಡಾರ್-ಓಬರ್‌ಸ್ಟೈನ್ ಅನ್ನೋ ಊರಿನಲ್ಲಿ. ಅಪ್ಪ ಅಲ್ಲಿದ್ದ ಅಮೆರಿಕನ್ ಸೈನಿಕ, ಅಮ್ಮ ಜರ್ಮನಿಯವರು. ಮಗುವಿಗೆ ಎರಡು ವರ್ಷವಾದಾಗ ಸಂಸಾರ ಅಮೆರಿಕದ ನ್ಯೂಜೆರ್ಸಿಗೆ ಹೋಯಿತು.

ಅಂದರೆ ಅಕ್ಷರಶಃ ತಾಯಿಯ ಭಾಷೆ ಜರ್ಮನ್. ಆದರೂ ಜರ್ಮನಿಯ ಜನ ಮೂವತ್ತು ವರ್ಷಕ್ಕೂ ಹೆಚ್ಚು ಕಾಲ ಥಿಯೇಟರಿನಲ್ಲಿ, ಟೀವಿಯಲ್ಲಿ ಕೇಳಿದ ವಿಲ್ಲಿಸ್ ದನಿ ವಿಲ್ಲಿಸ್ ಅವರದ್ದಲ್ಲ. ಅದು ಮಾನ್‌ಫ್ರೆಡ್ ಲೇಮನ್ ಅನ್ನೋ ಬರ್ಲಿನ್ ನಟರದ್ದು. ಹುಟ್ಟಿದ್ದು 1945ರಲ್ಲಿ, ಬರ್ಲಿನ್ನಿನಲ್ಲೇ. ಅವರ ಮುಖ ಗೊತ್ತಿರುವವರಿಗಿಂತ ದನಿ ಗೊತ್ತಿರುವವರು ಎಷ್ಟೋ ಪಾಲು ಜಾಸ್ತಿ.

ಇಷ್ಟು ವರ್ಷ ಇನ್ನೊಬ್ಬರ ಮುಖಕ್ಕೆ ಅಂಟಿಕೊಂಡಿದ್ದ ದನಿ ಕೊನೆಗೆ ಯಾರ ಸ್ವತ್ತು? ಕೇಳೋಕೆ ತಮಾಷೆ ಅನಿಸುವ ಈ ಪ್ರಶ್ನೆ ಬರ್ಲಿನ್ನಿನ ಕೋರ್ಟ್ ಮೆಟ್ಟಿಲು ಹತ್ತಿತು. ಆ ಕೇಸಿಗೆ ಬರುವ ಮೊದಲು ಈ ಕೆಲಸ ಎಂಥದ್ದು ಅಂತ ಸ್ವಲ್ಪ ನೋಡೋಣ.

ಜರ್ಮನಿಯಲ್ಲಿ ಡಬ್ಬಿಂಗ್ ಅನ್ನೋದು ಸಣ್ಣಪುಟ್ಟ ವ್ಯವಹಾರವಲ್ಲ. ಹಾಲಿವುಡ್ ಇರಲಿ, ಫ್ರೆಂಚ್ ಇರಲಿ, ದೊಡ್ಡ ಚಿತ್ರ ಅಂದಮೇಲೆ ಜರ್ಮನ್ ಮಾತಿನಲ್ಲೇ ಬರುತ್ತದೆ. ಪಕ್ಕದ ನೆದರ್‌ಲ್ಯಾಂಡ್ಸಿನಲ್ಲಿ ಸಬ್‌ಟೈಟಲ್ ಹಾಕಿ ಮುಗಿಸುತ್ತಾರೆ. ಸಣ್ಣ ದೇಶ, ಡಬ್ಬಿಂಗ್ ಖರ್ಚು ಗಿಟ್ಟುವುದಿಲ್ಲ. ಜರ್ಮನಿ, ಆಸ್ಟ್ರಿಯಾ, ಜೊತೆಗೆ ಸ್ವಿಟ್ಜರ್ಲೆಂಡಿನ ಒಂದು ಭಾಗ ಸೇರಿದರೆ ಹತ್ತು ಕೋಟಿಯ ಹತ್ತಿರ ಪ್ರೇಕ್ಷಕರು, ಅಲ್ಲಿ ಗಿಟ್ಟುತ್ತದೆ. ಕೆಲಸಕ್ಕೆ ಅಂತ ಮ್ಯೂನಿಕ್ಕಿಗೋ ಬರ್ಲಿನ್ನಿಗೋ ಹೋಗುವ ನಮ್ಮ ಹುಡುಗ ಹುಡುಗಿಯರಿಗೆ ಒಂದು ಕಿವಿಮಾತು: ಟಿಕೆಟ್ ಬುಕ್ ಮಾಡುವಾಗ ಶೋ ಪಕ್ಕದಲ್ಲಿ ‘ಓವಿ’ ಅಂತ ಇದೆಯಾ ನೋಡಿಕೊಳ್ಳಿ. ಅದು ಮೂಲ ಭಾಷೆಯದ್ದು. ಇಲ್ಲದಿದ್ದರೆ ಟಾಮ್ ಕ್ರೂಸ್ ಎರಡೂವರೆ ಗಂಟೆ ಜರ್ಮನ್ ಮಾತಾಡುತ್ತಾರೆ, ನೀವು ಪಾಪ್‌ಕಾರ್ನ್ ತಿಂದುಕೊಂಡು ಬರಬೇಕು.

ನಮಗೆ ಇದು ವಿಚಿತ್ರ ಅನಿಸುವುದಕ್ಕೆ ಕಾರಣವಿದೆ. ಪರಭಾಷಾ ಚಿತ್ರ ಕನ್ನಡಕ್ಕೆ ಡಬ್ ಆಗಬಾರದು ಅನ್ನೋ ಅಲಿಖಿತ ನಿಯಮ 1960ರ ದಶಕದಿಂದ ಇತ್ತು. 2015ರಲ್ಲಿ ಭಾರತೀಯ ಸ್ಪರ್ಧಾ ಆಯೋಗದ ಆದೇಶ ಬಂದ ಮೇಲೆ ಆ ಬಾಗಿಲು ಮೆಲ್ಲಗೆ ತೆರೆಯಿತು. ಹಾಗಾಗಿ ಒಬ್ಬ ಪರದೇಶದ ನಟನಿಗೆ ಒಂದೇ ದನಿ, ವರ್ಷಗಟ್ಟಲೆ, ಚಿತ್ರದಿಂದ ಚಿತ್ರಕ್ಕೆ ಅನ್ನೋ ಅಭ್ಯಾಸ ನಮ್ಮ ಕಿವಿಗೆ ಆಗಿಲ್ಲ. ಜರ್ಮನ್ನರಿಗೆ ಅದು ಅಭ್ಯಾಸ ಮಾತ್ರವಲ್ಲ, ಹಕ್ಕು. ದನಿ ಬದಲಾದರೆ ರೇಗುತ್ತಾರೆ.

ಲೇಮನ್ ಶುರು ಮಾಡಿದ್ದು ನಟರಾಗಿ. 1980ರ ದಶಕದಲ್ಲಿ ಇಟಾಲಿಯನ್ ನಿರ್ದೇಶಕ ಆಂಟೋನಿಯೊ ಮಾರ್ಗೆರಿಟಿ ಅವರ ಕಾಡು, ಬಂದೂಕು, ಬಾಡಿಗೆ ಸೈನಿಕರ ಸಾಹಸ ಚಿತ್ರಗಳಲ್ಲಿ ತೆರೆಯ ಮೇಲೆ ಕಾಣಿಸಿಕೊಂಡರು. ಆ ಚಿತ್ರಗಳನ್ನು ಇವತ್ತು ನೆನಪಿಟ್ಟುಕೊಂಡವರು ಕಡಿಮೆ. ದನಿ ಮಾತ್ರ ನಿಂತಿತು. ಫ್ರೆಂಚ್ ನಟ ಜೆರಾರ್ ದೆಪಾರ್ದ್ಯೂ ಅವರಿಗೆ, ಡಾಲ್ಫ್ ಲುಂಡ್‌ಗ್ರೆನ್‌ಗೆ, ಕರ್ಟ್ ರಸೆಲ್‌ಗೆ ಜರ್ಮನ್ ಮಾತು ಕೊಟ್ಟವರೂ ಇವರೇ. ಇವೆಲ್ಲ ಇದ್ದರೂ ಜನ ಗುರುತಿಸುವುದು ಬ್ರೂಸ್ ವಿಲ್ಲಿಸ್ ದನಿ ಅಂತಲೇ. ‘ಮೂನ್‌ಲೈಟಿಂಗ್’ ಧಾರಾವಾಹಿಯಲ್ಲಿ ವಿಲ್ಲಿಸ್‌ಗೆ ಬೇರೆಯವರು ಮಾತಾಡಿದ್ದರು. 1988ರಲ್ಲಿ ‘ಡೈ ಹಾರ್ಡ್’ ಬಂತು, ಲೇಮನ್ ಬಂದರು, ಅಲ್ಲಿಗೆ ಗಂಟು ಬಿತ್ತು.

ಕೆಲಸ ಹೇಗೆ ನಡೆಯುತ್ತದೆ ಅಂತ ತಿಳಿದರೆ ಇದನ್ನು ‘ಬರೀ ಡಬ್ಬಿಂಗ್’ ಅನ್ನೋಕೆ ಬಾಯಿ ಬರುವುದಿಲ್ಲ. ಮೊದಲು ಒಬ್ಬರು ಸಂಭಾಷಣೆಯನ್ನು ಸುಮ್ಮನೆ ಶಬ್ದಕ್ಕೆ ಶಬ್ದ ಅನುವಾದ ಮಾಡುತ್ತಾರೆ. ಅದನ್ನು ತೆಗೆದುಕೊಂಡು ಇನ್ನೊಬ್ಬರು ತುಟಿಗೆ ಹೊಂದುವ ಸಂಭಾಷಣೆ ಬರೆಯುತ್ತಾರೆ. ನಿಜವಾದ ಒದ್ದಾಟ ಇಲ್ಲಿ. ನಾವು ಶಾಲೆಯಲ್ಲಿ ಕಲಿತ ಪ-ವರ್ಗ ನೆನಪಿದೆಯಲ್ಲ, ಪ ಫ ಬ ಭ ಮ? ಅವು ತುಟಿ ಮುಚ್ಚಿದರೆ ಮಾತ್ರ ಬರುವ ಅಕ್ಷರಗಳು. ಕ್ಯಾಮೆರಾ ಮುಖದ ಹತ್ತಿರ ಇದ್ದಾಗ ವಿಲ್ಲಿಸ್ ತುಟಿ ಮುಚ್ಚಿದ ಕ್ಷಣದಲ್ಲಿ ಜರ್ಮನ್ ವಾಕ್ಯದಲ್ಲೂ ಅಂಥದ್ದೊಂದು ಅಕ್ಷರ ಬೀಳಬೇಕು. ಅರ್ಥ ಕೆಡಬಾರದು, ಉದ್ದ ಹೆಚ್ಚಬಾರದು. ಇಂಗ್ಲಿಷಿಗೆ ಹೋಲಿಸಿದರೆ ಜರ್ಮನ್ ಶಬ್ದಗಳು ಉದ್ದ. ಸಾಲದ್ದಕ್ಕೆ ಕ್ರಿಯಾಪದ ಬಹಳ ಸಲ ನಮ್ಮ ಕನ್ನಡದ ಹಾಗೇ ವಾಕ್ಯದ ಕೊನೆಗೆ ಹೋಗಿ ಕೂರುತ್ತದೆ. ‘ಹೊಡಿ’ ಅನ್ನೋ ಶಬ್ದ ಇಂಗ್ಲಿಷಿನಲ್ಲಿ ವಾಕ್ಯದ ಮಧ್ಯೆ ಬಂದು ನಟ ಅಲ್ಲೇ ಕೈ ಎತ್ತಿರುತ್ತಾನೆ. ಜರ್ಮನ್‌ನಲ್ಲಿ ಆ ಶಬ್ದ ಬರುವಷ್ಟರಲ್ಲಿ ಕೈ ಕೆಳಗಿಳಿದಿರುತ್ತದೆ. ಬರೆಯುವವರು ಇದನ್ನೆಲ್ಲ ಸರಿದೂಗಿಸಬೇಕು.

ಆಮೇಲೆ ಇಡೀ ಚಿತ್ರವನ್ನು ಕೆಲವೇ ಸೆಕೆಂಡುಗಳ ತುಂಡುಗಳಾಗಿ ಮಾಡುತ್ತಾರೆ. ಒಂದೊಂದಕ್ಕೂ ‘ಟೇಕ್’ ಅಂತ ಹೆಸರು. ಹಿಂದೆ ಫಿಲ್ಮನ್ನು ನಿಜವಾಗಿ ಕತ್ತರಿಸಿ, ಎರಡು ತುದಿ ಅಂಟಿಸಿ, ಬಳೆಯ ಹಾಗೆ ಸುತ್ತಿಸುತ್ತಿದ್ದರು. ಅದೇ ತುಂಡು ಮತ್ತೆ ಮತ್ತೆ ಬರುತ್ತಿತ್ತು. ಆ ಸೀನಿನ ಕಲಾವಿದರೆಲ್ಲ ಒಂದೇ ಮೈಕಿನ ಮುಂದೆ ನಿಂತು, ಒಬ್ಬರ ಮುಖ ಒಬ್ಬರು ನೋಡಿಕೊಂಡು ಮಾತಾಡುತ್ತಿದ್ದರು. ಈಗ ಎಲ್ಲ ಕಂಪ್ಯೂಟರ್. ಹೆಚ್ಚಿನ ಸಲ ಪ್ರತಿಯೊಬ್ಬರೂ ಒಂಟಿಯಾಗಿ ಬರುತ್ತಾರೆ, ತಮ್ಮ ಸಾಲು ಹೇಳುತ್ತಾರೆ, ಹೋಗುತ್ತಾರೆ. ತೆರೆಯ ಮೇಲೆ ಗಂಡ ಹೆಂಡತಿ ಜಗಳವಾಡುತ್ತಿದ್ದರೆ ಗಂಡನ ದನಿ ಸೋಮವಾರದ್ದು, ಹೆಂಡತಿಯದು ಗುರುವಾರದ್ದು ಇರಬಹುದು. ಪೈರಸಿ ಭಯ ಬೇರೆ. ದೊಡ್ಡ ಚಿತ್ರಗಳನ್ನು ಪೂರ್ತಿ ತೋರಿಸುವುದೇ ಇಲ್ಲ. ಪರದೆ ಕಪ್ಪಗಿರುತ್ತದೆ, ಮಾತಾಡುವ ಬಾಯಿಯ ಸುತ್ತ ಮಾತ್ರ ಒಂದು ಕಿಂಡಿ. ಎದುರಿಗೆ ಯಾರಿದ್ದಾರೆ, ಹಿಂದೆ ಏನು ಉರಿಯುತ್ತಿದೆ ಗೊತ್ತಿಲ್ಲ. ನಿರ್ದೇಶಕರು ‘ಇಲ್ಲಿ ಅಳು’ ಅಂದರೆ ಅಳಬೇಕು.

‘ಡೈ ಹಾರ್ಡ್’ಗೆ ಜರ್ಮನಿಯಲ್ಲಿ ಇಟ್ಟ ಹೆಸರನ್ನು ಕನ್ನಡಕ್ಕೆ ತಂದರೆ ‘ನಿಧಾನಕ್ಕೆ ಸಾಯಿ’ ಅಂತಾಗುತ್ತದೆ. ನಾಯಕನ ಆ ಪ್ರಸಿದ್ಧ ಬೈಗುಳದ ಜಾಗಕ್ಕೆ ಜರ್ಮನ್‌ನಲ್ಲಿ ‘ಹಂದಿಕೆನ್ನೆ’ ಅನ್ನೋ ಶಬ್ದ ಬಂತು. ಮಜಾ ಅಂದರೆ ಅದು ಅಲ್ಲಿ ಮೂಲಕ್ಕಿಂತ ಹೆಚ್ಚು ಪ್ರೀತಿ ಗಳಿಸಿದೆ. ಇನ್ನೊಂದು ಇಕ್ಕಟ್ಟಿತ್ತು. ಆ ಚಿತ್ರದ ಖಳರು ಜರ್ಮನ್ನರು! ಮೂಲದಲ್ಲಿ ಹಾನ್ಸ್, ಕಾರ್ಲ್, ಹೈನ್‌ರಿಶ್. ಜರ್ಮನ್ ಆವೃತ್ತಿಯಲ್ಲಿ ಅವರು ಜ್ಯಾಕ್, ಚಾರ್ಲಿ, ಹೆನ್ರಿ ಆಗಿಬಿಟ್ಟರು. ಮೂರನೇ ಭಾಗದ ಖಳ ಅದೇ ಹಾನ್ಸ್‌ನ ಅಣ್ಣ. ಮೊದಲು ಜ್ಯಾಕ್ ಮಾಡಿದ್ದವರು ಈಗ ಏನು ಮಾಡಬೇಕು? ತಮ್ಮನಿಗೆ ಸದ್ದಿಲ್ಲದೆ ಹಾನ್ಸ್ ಅನ್ನೋ ಹೆಸರು ಮರಳಿತು.

ಇದೇನೂ ಹೊಸ ಚಾಳಿಯಲ್ಲ. 1952ರಲ್ಲಿ ‘ಕಾಸಾಬ್ಲಾಂಕಾ’ ಜರ್ಮನಿಗೆ ಬಂದಾಗ ನಾಜಿಗಳ ದೃಶ್ಯಗಳನ್ನೇ ಕಿತ್ತುಹಾಕಿದ್ದರು. ಸುಮಾರು 25 ನಿಮಿಷ ಮಾಯ. ನಾಜಿಗಳಿಂದ ತಪ್ಪಿಸಿಕೊಂಡು ಓಡುವ ಹೋರಾಟಗಾರನನ್ನು ನಾರ್ವೆಯ ಅಣುವಿಜ್ಞಾನಿ ಮಾಡಿದ್ದರು. ಪೂರ್ತಿ ಚಿತ್ರ ಹೊಸ ಡಬ್ಬಿಂಗ್ ಜೊತೆ ಜರ್ಮನ್ ಟೀವಿಗೆ ಬಂದದ್ದು 1975ರಲ್ಲಿ. ಬೇರೆಯವರ ಬಾಯಲ್ಲಿ ನಮ್ಮ ಮಾತು ಇಡುವ ಅಧಿಕಾರ ಸಿಕ್ಕರೆ ಏನೆಲ್ಲ ಮಾಡಬಹುದು ನೋಡಿ.

ಮತ್ತೆ ಲೇಮನ್ ಕಡೆ ಬರೋಣ. ಇಷ್ಟು ಗಟ್ಟಿಯಾಗಿ ಅಂಟಿದ ದನಿಗೂ ನಾಳೆಯ ಖಾತ್ರಿ ಇಲ್ಲ. ಒಬ್ಬ ನಟನಿಗೆ ಇಂಥವರೇ ಅನ್ನೋದು ರೂಢಿ ಮಾತ್ರ. ಕರಾರು ಆಗುವುದು ಚಿತ್ರಕ್ಕೆ ಇಷ್ಟು ಅಂತ. 1995ರ ಮೂರನೇ ‘ಡೈ ಹಾರ್ಡ್’ನಲ್ಲಿ ವಿಲ್ಲಿಸ್‌ಗೆ ಮಾತಾಡಿದ್ದು ಲೇಮನ್ ಅಲ್ಲ, ಥಾಮಸ್ ಡನೆಬೆರ್ಗ್. ಅವರೂ ದಿಗ್ಗಜರೇ. ಸಿಲ್ವೆಸ್ಟರ್ ಸ್ಟಲೋನ್, ಅರ್ನಾಲ್ಡ್ ಶ್ವಾರ್ಜ್‌ನೆಗರ್, ಟೆರೆನ್ಸ್ ಹಿಲ್, ಜಾನ್ ಟ್ರವೋಲ್ಟಾ ಎಲ್ಲರ ಜರ್ಮನ್ ದನಿ ಅವರದ್ದು. ಅರ್ನಾಲ್ಡ್ ಆಸ್ಟ್ರಿಯಾದವರು, ಹುಟ್ಟಿದಾಗಿನಿಂದ ಜರ್ಮನ್ ಮಾತಾಡಿದವರು ಅನ್ನೋದು ಇಲ್ಲಿ ನೆನಪಿರಲಿ. ಆದರೆ ಅವರ ಹಳ್ಳಿಯ ಕಡೆಯ ಉಚ್ಚಾರ ಜರ್ಮನ್ನರ ಕಿವಿಗೆ ಬೇರೆಯದೇ ಲೋಕದ್ದು. ಭವಿಷ್ಯದಿಂದ ಬಂದ ಕೊಲೆಗಾರ ಯಂತ್ರಕ್ಕೆ ಬರ್ಲಿನ್ನಿನ ದನಿ ಕೂರಿಸಿದರು.

2010ರ ‘ಎಕ್ಸ್‌ಪೆಂಡಬಲ್ಸ್’ ಚಿತ್ರದಲ್ಲಿ ಒಂದು ಚರ್ಚ್ ಸೀನ್ ಇದೆ. ಸ್ಟಲೋನ್, ಶ್ವಾರ್ಜ್‌ನೆಗರ್, ವಿಲ್ಲಿಸ್ ಮೂವರೂ ಎದುರುಬದುರು ನಿಂತು ಮಾತಾಡುತ್ತಾರೆ. ಜಗತ್ತೆಲ್ಲ ಶಿಳ್ಳೆ ಹೊಡೆದ ಸೀನ್. ಜರ್ಮನ್ ಸ್ಟುಡಿಯೊಗೆ ಮಾತ್ರ ಅದು ತಲೆನೋವು, ಯಾಕೆಂದರೆ ಮೂರು ಮುಖಕ್ಕೆ ಎರಡೇ ಗಂಟಲು. ಡನೆಬೆರ್ಗ್ ದನಿಯನ್ನು ಸ್ವಲ್ಪ ಹಿಂದೆಮುಂದೆ ಮಾಡಿ ಸ್ಟಲೋನ್ ಆಗಿ ಕೇಳಿದರು, ಶ್ವಾರ್ಜ್‌ನೆಗರ್ ಆಗಿ ಉತ್ತರ ಕೊಟ್ಟರು. ಲೇಮನ್ ವಿಲ್ಲಿಸ್ ಆಗಿ ನಡುವೆ ಬಾಯಿ ಹಾಕಿದರು. ಡನೆಬೆರ್ಗ್ 2023ರಲ್ಲಿ ತೀರಿಕೊಂಡರು. ಮುಖ ಇನ್ನೂ ನಟಿಸುತ್ತಿದೆ, ದನಿ ಹೋಯಿತು.

ದುಡ್ಡಿನ ವಿಚಾರಕ್ಕೆ ಬಂದರೆ ಇದು ತಾರೆಯರ ವೃತ್ತಿ ಅಲ್ಲವೇ ಅಲ್ಲ. ಸ್ಟುಡಿಯೊಗೆ ಬಂದದ್ದಕ್ಕೆ ಒಂದಿಷ್ಟು, ಮಾತಾಡಿದ ಟೇಕ್‌ಗೆ ಇಷ್ಟು ಅಂತ ಲೆಕ್ಕ. ಚಿತ್ರ ಕೋಟಿ ಬಾಚಿದರೂ ಅದೇ, ಮಕಾಡೆ ಮಲಗಿದರೂ ಅದೇ. ಇದನ್ನು ಪ್ರಶ್ನಿಸಿದವರು ಮಾರ್ಕುಸ್ ಓಫ್. ‘ಪೈರೇಟ್ಸ್ ಆಫ್ ದ ಕೆರಿಬಿಯನ್’ ಸರಣಿಯ ಮೊದಲ ಮೂರು ಚಿತ್ರಗಳಲ್ಲಿ ಜಾನಿ ಡೆಪ್‌ಗೆ, ಅಂದರೆ ಜ್ಯಾಕ್ ಸ್ಪ್ಯಾರೊ ಪಾತ್ರಕ್ಕೆ, ಜರ್ಮನ್ ದನಿ ಅವರದ್ದು. ಮೂರಕ್ಕೂ ಸೇರಿ ಸಿಕ್ಕಿದ್ದು ಸುಮಾರು 18 ಸಾವಿರ ಯೂರೊ. ಚಿತ್ರಗಳು ಇಷ್ಟು ಗಳಿಸಿರುವಾಗ ತನಗೂ ನ್ಯಾಯವಾದ ಪಾಲು ಬೇಕು ಅಂತ ಡಿಸ್ನಿ ವಿರುದ್ಧ ಕೋರ್ಟಿಗೆ ಹೋದರು. 2012ರಲ್ಲಿ ಜರ್ಮನಿಯ ಅತ್ಯುನ್ನತ ಸಿವಿಲ್ ನ್ಯಾಯಾಲಯ, ಮುಖ್ಯ ಪಾತ್ರದ ಡಬ್ಬಿಂಗ್ ಅಂದರೆ ನಗಣ್ಯ ಕೊಡುಗೆ ಏನಲ್ಲ, ಹೆಚ್ಚುವರಿ ಸಂಭಾವನೆ ಕೇಳುವ ಹಕ್ಕು ಇಂಥವರಿಗೂ ಇರಬಹುದು ಎಂದಿತು. ಕೇಸು ಮತ್ತೆ ಕೆಳಗಿಳಿದು, 2016ರಲ್ಲಿ ಬರ್ಲಿನ್ ಉಚ್ಚ ನ್ಯಾಯಾಲಯ ಸುಮಾರು 1 ಲಕ್ಷ 80 ಸಾವಿರ ಯೂರೊ ಕೊಡಿಸಿತು. ಆದರೆ ನಾಲ್ಕನೇ ಚಿತ್ರದಿಂದ ಜ್ಯಾಕ್ ಸ್ಪ್ಯಾರೊಗೆ ಮಾತಾಡಿದ್ದು ಬೇರೆಯವರು.

ಲೇಮನ್ ದನಿಗೆ ಸಿನಿಮಾದ ಹೊರಗೂ ಬೆಲೆ ಇತ್ತು. ‘ಪ್ರಾಕ್ಟಿಕರ್’ ಅನ್ನೋ ಅಂಗಡಿ ಸರಪಳಿಯೊಂದು ಜರ್ಮನಿಯಲ್ಲಿತ್ತು. ಮೊಳೆ, ಬಣ್ಣ, ಹಲಗೆ, ಡ್ರಿಲ್ಲಿಂಗ್ ಮಷಿನ್ ಸಿಗುವ ಜಾಗ. ‘ಎಲ್ಲದರ ಮೇಲೂ 20 ಪರ್ಸೆಂಟ್ ರಿಯಾಯಿತಿ, ಪ್ರಾಣಿಗಳ ಆಹಾರ ಬಿಟ್ಟು’ ಅನ್ನೋದು ಅದರ ಜಾಹೀರಾತು. ಇಡೀ ಕಟ್ಟಡದಲ್ಲಿ ಒಬ್ಬನೇ ನಿಂತು ಖಳರನ್ನು ಮುಗಿಸಿದ ಆ ಗಡಸು ದನಿಯೇ ನಾಯಿ ಬೆಕ್ಕಿನ ತಿಂಡಿಗೆ ರಿಯಾಯಿತಿ ಇಲ್ಲ ಅಂತ ಗಂಭೀರವಾಗಿ ಹೇಳುತ್ತಿತ್ತು. ಕಂಪನಿ 2013ರಲ್ಲಿ ದಿವಾಳಿಯಾಯಿತು, ಆ ಸಾಲನ್ನು ಜನ ಮರೆತಿಲ್ಲ. ನಗುವ ವಿಷಯವೇ, ಆದರೆ ಒಂದು ಮಾತು ಇದರಲ್ಲಿ ಸ್ಪಷ್ಟ. ಆ ದನಿ ಬೇಕಾದವರು ಲೇಮನ್ ಅವರನ್ನು ಕೇಳಿ, ದುಡ್ಡು ಕೊಟ್ಟು ಬಳಸುತ್ತಿದ್ದರು.

2022ರ ಮಾರ್ಚಿನಲ್ಲಿ ಬ್ರೂಸ್ ವಿಲ್ಲಿಸ್ ಕುಟುಂಬದವರು ಒಂದು ಸುದ್ದಿ ಹೇಳಿದರು. ಅವರಿಗೆ ಅಫೇಸಿಯಾ, ಅಂದರೆ ಮಾತನ್ನೂ ಮಾತಿನ ಅರ್ಥವನ್ನೂ ಮಿದುಳು ಹಿಡಿದಿಡಲಾರದ ಸ್ಥಿತಿ. ನಟನೆ ಬಿಡುತ್ತಿದ್ದಾರೆ. ಮರುವರ್ಷ ಅದು ಫ್ರಂಟೊಟೆಂಪೊರಲ್ ಡಿಮೆನ್ಷಿಯಾ ಅಂತ ಗೊತ್ತಾಯಿತು. ಹೊಸ ಚಿತ್ರಗಳು ನಿಂತವು, ಅಂದಮೇಲೆ ಬರ್ಲಿನ್ನಿನಲ್ಲಿ ಲೇಮನ್ ಅವರ ಆ ಕೆಲಸವೂ ನಿಂತಿತು. ಮೂಲ ಮನುಷ್ಯನಿಗೆ ಮಾತು ಕೈಕೊಟ್ಟಿದೆ. ಸಾಲ ಕೊಟ್ಟ ದನಿ ಮಾತ್ರ ಇನ್ನೊಂದು ದೇಶದಲ್ಲಿ, ಎಂಬತ್ತರ ಹೊಸ್ತಿಲಲ್ಲಿ, ಗಟ್ಟಿಯಾಗಿತ್ತು.

ಆ ಹೊತ್ತಿಗೆ ಯಂತ್ರ ಬಂತು. ಜರ್ಮನಿಯ ಒಬ್ಬ ಯೂಟ್ಯೂಬರ್ ತನ್ನ ಎರಡು ರಾಜಕೀಯ ವಿಡಿಯೊಗಳಿಗೆ ಎಐಯಿಂದ ತಯಾರಿಸಿದ ದನಿ ಬಳಸಿದ. ಕೇಳಿದರೆ ಲೇಮನ್ ಅವರದ್ದೇ ಅನ್ನಬೇಕು, ಅಷ್ಟು ಹತ್ತಿರ. ಅವರನ್ನು ಕೇಳಿರಲಿಲ್ಲ, ದುಡ್ಡು ಕೊಟ್ಟಿರಲಿಲ್ಲ. ಆ ವಿಡಿಯೊಗಳ ಜೊತೆಗೆ ಅವನ ಆನ್‌ಲೈನ್ ಅಂಗಡಿಯ ವ್ಯಾಪಾರವೂ ಇತ್ತು. ನಾನು ಹೇಳದ ಮಾತು, ನಾನು ಒಪ್ಪದಿರಬಹುದಾದ ಮಾತು, ನನ್ನ ದನಿಯಲ್ಲಿ ಊರೆಲ್ಲ ಕೇಳುತ್ತಿದೆ ಅಂದರೆ ಹೇಗಿರುತ್ತದೆ, ಯೋಚನೆ ಮಾಡಿ. ಕೇಸು ಬರ್ಲಿನ್ನಿನ ಜಿಲ್ಲಾ ನ್ಯಾಯಾಲಯಕ್ಕೆ ಹೋಯಿತು.

2025ರ ಆಗಸ್ಟಿನಲ್ಲಿ ತೀರ್ಪು ಬಂತು. ದನಿ ವ್ಯಕ್ತಿತ್ವದ ಭಾಗ, ಫೋಟೊ ಮತ್ತು ಹೆಸರಿಗೆ ಇರುವ ಹಾಗೆ ಅದಕ್ಕೂ ರಕ್ಷಣೆ ಇದೆ. ದನಿಯನ್ನು ಮನುಷ್ಯ ಅನುಕರಿಸಿದನೋ, ಕಂಪ್ಯೂಟರ್ ತಯಾರಿಸಿತೋ ಅನ್ನೋದು ಮುಖ್ಯವಲ್ಲ. ಕೇಳುವವರಿಗೆ ಇದು ಅವರದ್ದೇ ಅನಿಸಿದರೆ ಸಾಕು. ಪರಿಹಾರದ ಲೆಕ್ಕ ಸರಳ: ಅನುಮತಿ ಕೇಳಿದ್ದರೆ ಎಷ್ಟು ಶುಲ್ಕ ಕೊಡಬೇಕಾಗುತ್ತಿತ್ತೋ ಅಷ್ಟು ಕೊಡು. ವಿಡಿಯೊಗೆ 2 ಸಾವಿರದಂತೆ ಒಟ್ಟು 4 ಸಾವಿರ ಯೂರೊ.

ಮೊತ್ತ ಸಣ್ಣದು. ಇಂಥದ್ದೊಂದು ವಿಡಿಯೊ ಲಕ್ಷ ಲಕ್ಷ ಜನರನ್ನು ಮುಟ್ಟುವ ಕಾಲದಲ್ಲಿ 4 ಸಾವಿರ ಯೂರೊ ಯಾರನ್ನೂ ಹೆದರಿಸಲಾರದು ಅಂತಲೇ ನನ್ನ ಅನಿಸಿಕೆ. ಆದರೂ ಈ ತೀರ್ಪಿನಲ್ಲಿ ಒಂದು ಸ್ವಾರಸ್ಯ ಇದೆ. ಇಷ್ಟು ವರ್ಷ ಎಲ್ಲರೂ ಅದನ್ನು ‘ಬ್ರೂಸ್ ವಿಲ್ಲಿಸ್ ದನಿ’ ಅಂದರು. ಜಾಹೀರಾತಿನವರು ಅದಕ್ಕೇ ಕೊಂಡರು, ಯೂಟ್ಯೂಬರ್ ಅದಕ್ಕೇ ಕದ್ದ. ಅದು ಮಾನ್‌ಫ್ರೆಡ್ ಲೇಮನ್ ಅವರ ದನಿ ಅಂತ ಕೋರ್ಟಿನ ಕಾಗದದಲ್ಲಿ ಇತ್ಯರ್ಥ ಆಗಬೇಕಾದರೆ ಕಳವು ಆಗಬೇಕಾಯಿತು.

ಅದೇ ವರ್ಷ ಜರ್ಮನಿಯ ಡಬ್ಬಿಂಗ್ ಕಲಾವಿದರು ಒಟ್ಟಾಗಿ ವಿಡಿಯೊ ಮಾಡಿ ಸೋಷಿಯಲ್ ಮೀಡಿಯಾದಲ್ಲಿ ಹರಿಬಿಟ್ಟರು. ದನಿಯಿಂದಷ್ಟೇ ಗೊತ್ತಿದ್ದವರು ಮುಖ ತೋರಿಸಿ ಮಾತಾಡಿದರು. ಬೇಡಿಕೆ ದೊಡ್ಡದೇನಲ್ಲ. ನಮ್ಮ ದನಿಯಿಂದ ಎಐಗೆ ಕಲಿಸುವ ಮೊದಲು ಕೇಳಿ, ಬಳಸಿದರೆ ದುಡ್ಡು ಕೊಡಿ, ಯಂತ್ರದ ದನಿ ಇದ್ದರೆ ಹಾಗಂತ ಬರೆಯಿರಿ. ಎಐ ಬಂದರೆ ಮೊದಲು ಹೋಗುವುದು ಸಣ್ಣ ಪಾತ್ರಗಳು: ಗುಂಪಿನಲ್ಲಿ ಕೂಗುವವರು, ಹೋಟೆಲ್ ಮಾಣಿ, ‘ಸಾರ್, ನಿಮಗೆ ಫೋನ್’ ಅನ್ನುವವನು. ಹೊಸಬರು ಈ ಕೆಲಸ ಕಲಿಯುವುದೇ ಅಂಥ ಸಾಲುಗಳಿಂದ. ದೊಡ್ಡ ದನಿಗಳಿಗೆ ಕೋರ್ಟ್ ಇದೆ, ‘ಸಾರ್, ನಿಮಗೆ ಫೋನ್’ ಅನ್ನುವವನ ದನಿಯನ್ನು ಯಾರೂ ಗುರುತು ಹಿಡಿಯುವುದಿಲ್ಲ. ಗುರುತೇ ಇಲ್ಲದ ಮೇಲೆ ಕಳವಾಯಿತು ಅಂತ ಸಾಬೀತು ಮಾಡುವುದು ಹೇಗೆ? ತೀರ್ಪು ಅವನ ತನಕ ತಲುಪುವುದಿಲ್ಲ.

ಇದು ದೂರದ ಜರ್ಮನಿಯ ಗೋಳು ಅಂದುಕೊಳ್ಳಬೇಡಿ. ನಮ್ಮ ಎಸ್‌ಪಿಬಿ ಇದ್ದರಲ್ಲ, ಕಮಲ್ ಹಾಸನ್ ಅವರ ತಮಿಳು ಚಿತ್ರಗಳು ತೆಲುಗಿಗೆ ಡಬ್ ಆದಾಗ ಕಮಲ್‌ಗೆ ಮಾತು ಕೊಡುತ್ತಿದ್ದದ್ದು ಅವರೇ. ‘ಗಾಂಧಿ’ ಚಿತ್ರದಲ್ಲಿ ಬೆನ್ ಕಿಂಗ್ಸ್‌ಲಿ ತೆಲುಗಿನಲ್ಲಿ ಮಾತಾಡಿದ್ದೂ ಎಸ್‌ಪಿಬಿ ದನಿಯಲ್ಲಿ. 2020ರಲ್ಲಿ ಅವರು ಹೋದ ಮೇಲೆ ಅವರ ದನಿಯನ್ನು ಎಐಯಿಂದ ಮರುಸೃಷ್ಟಿ ಮಾಡಿದರು ಅಂತ ಒಂದು ತೆಲುಗು ಚಿತ್ರತಂಡಕ್ಕೆ 2024ರಲ್ಲಿ ಮಗ ಚರಣ್ ಲೀಗಲ್ ನೋಟಿಸ್ ಕಳಿಸಿದರು. ಅದೇ ವರ್ಷ ಅರಿಜಿತ್ ಸಿಂಗ್ ದನಿಯನ್ನು ಎಐ ಸಾಧನಗಳಲ್ಲಿ ಬಳಸದಂತೆ ಬಾಂಬೆ ಹೈಕೋರ್ಟ್ ತಡೆ ಕೊಟ್ಟಿತು. ‘ಕೆಜಿಎಫ್’ನಲ್ಲಿ ಹಿಂದಿಯವರು ಮೆಚ್ಚಿದ ರಾಕಿಯ ದನಿ ಯಶ್ ಅವರದ್ದಲ್ಲ, ಸಚಿನ್ ಗೋಲೆ ಅನ್ನೋ ಡಬ್ಬಿಂಗ್ ಕಲಾವಿದರದ್ದು. ಅಂಥ ಕಲಾವಿದರ ಹೆಸರು ಚಿತ್ರದ ಕೊನೆಯಲ್ಲಿ ಬರುವಷ್ಟರಲ್ಲಿ ನಾವು ಪಾರ್ಕಿಂಗಿನಲ್ಲಿ ಗಾಡಿ ತೆಗೆಯುತ್ತಿರುತ್ತೇವೆ.

ನಿಮ್ಮ ಫೋನಿನ ಯಾವುದಾದರೂ ಆ್ಯಪ್‌ನಲ್ಲಿ ‘ಡೈ ಹಾರ್ಡ್’ ಸಿಕ್ಕರೆ ಆಡಿಯೊ ಪಟ್ಟಿಯಲ್ಲಿ ‘ಡಾಯ್ಚ್’ ಅಂತ ಇದೆಯಾ ನೋಡಿ. ಇದ್ದರೆ ಅದನ್ನು ಹಾಕಿ ಹತ್ತು ನಿಮಿಷ ಕೇಳಿ. ಭಾಷೆ ಬರದಿದ್ದರೂ ಪರವಾಗಿಲ್ಲ. ಗಾಳಿಕೊಳವೆಯಲ್ಲಿ ತೆವಳುತ್ತಾ ತನಗೆ ತಾನೇ ಗೊಣಗಿಕೊಳ್ಳುವ ಭಾಗಕ್ಕೆ ಹೋಗಿ. ವಿಲ್ಲಿಸ್ ಉಸಿರು ಎಳೆದಲ್ಲಿ ಲೇಮನ್ ಕೂಡ ಉಸಿರು ಎಳೆಯುತ್ತಾರೆ. ಆಮೇಲೆ ಕಿವಿ ಕೊಟ್ಟು ಕೇಳಿದರೆ ಖಳರು ಒಬ್ಬರನ್ನೊಬ್ಬರು ಚಾರ್ಲಿ, ಜ್ಯಾಕ್ ಅಂತ ಕರೆಯುವುದೂ ಸಿಗುತ್ತದೆ.